ಒಂದು ಬೀರುಬಲೆಯ ಬಾಕಿ

ದಳದ ನಂಬರು ಹೇಳಲಾರೆ.
ಪುಟದಲ್ಲಿ ಸರಿಯಾಗಿ ಅಷ್ಟೇ ಜಾಗವನ್ನು
ಗೆದ್ದಲು ಅಳತೆ ಮಾಡಿದ ಹಾಗೆ ತಿಂದಿದೆ.
ಉಳಿದದ್ದು ಉಂಟು: ಬಂದರು ಕಚೇರಿಯ ಹಳೇ ಬೈಂಡು,
ಬೋಯಾ ಮೂರು, ತಿಂಗಳ ಬಾಡಿಗೆ ನಾಲ್ಕು ರೂಪಾಯಿ,
ಷರಾ: ‘ನೀರಿಗಿಳಿಯುವ ವಿಮಾನ, ಸರಕಾರದ್ದು.’

ನಿರ್ನಾಲದಲ್ಲಿ ಬಂದವಂತೆ, ಮಳೆ ಹೊರಟ ಮೇಲೆ.
ಗುರುಪುರ ಹೊಳೆ ಕಡಲನ್ನು ಪಕ್ಕದಲ್ಲೇ ಇಟ್ಟುಕೊಂಡು
ಬೆಂಗ್ರೆಯ ಮರಳಿಗೆ ಒರಗಿ ತೆಂಕಕ್ಕೆ ಹೋಗುವಲ್ಲಿ
ಮೂರು, ಹೊಟ್ಟೆಯೂರಿ, ರೆಕ್ಕೆ ನೆನೆಯದಂತೆ.
ಮಕ್ಕಳು ಓಡಿದರು. ಕೊಕ್ಕರೆಗಳು ಓಡಲಿಲ್ಲ,
ಎರಡು ದಿನ ನೋಡಿ ರೆಕ್ಕೆಯ ಮೇಲೆಯೇ ಕೂತವು.

ದೂಮಣ್ಣನಿಗೆ ಓದು ಬಾರದು.
ಮೂತಿಗೆ ಬಳಿದ ಇಂಗ್ಲಿಷ್ ಅಕ್ಷರಗಳಿಗೆ ಅವನೇ ಹೆಸರಿಟ್ಟ:
ಬಾಲದ ಸೊನ್ನೆ. ಕವಣೆ.
ಒಂದೇ ಮೆಟ್ಟಿಲಿನ ಏಣಿ.
ಬೆಂಗ್ರೆ ಇಡೀ ಹಾಗೇ ಕರೆಯಿತು, ಕೊನೆಕೊನೆಗೆ
ದೊರೆಗಳೂ ದಂಡೆಯಲ್ಲಿ ನಿಂತು ಕೇಳುತ್ತಿದ್ದರಂತೆ:
‘ಏಣಿ ಬತ್ತ್ಂಡಾ?’

ಅವನ ಕೆಲಸ ದೋಣಿಯಲ್ಲಿ ಪೆಟ್ರೋಲು ಒಯ್ಯುವುದು,
ಮೆತ್ತನೆಯ ತೊಗಲಿನಲ್ಲಿ ಸೋಸಿ ಸೋಸಿ ಹೊಯ್ಯುವುದು
(ನೀರಿನ ಒಂದು ಹನಿ ಹೋದರೆ ಎಂಟು ಜನ ಹೋದಂತೆ),
ಬೋಯಾದ ಬುಡಕ್ಕೆ ಮುಳುಗಿ
ಸರಪಳಿಗೆ ಕಚ್ಚಿದ ಪಚ್ಚಿಲೆ ಕೆರೆಯುವುದು.
ಕೆರೆದದ್ದು ಮನೆಗೆ. ಸುಕ್ಕಕ್ಕೂ ಪೆಟ್ರೋಲಿನ ವಾಸನೆ
ಎಂದು ಹೆಂಡತಿ ಬಾಗಿ ಬಟ್ಟಲು ದೂಡುತ್ತಿದ್ದಳು.

ವಿಮಾನದವರ ಡೈರಿಯ ನಕಲೂ ಇದೇ ಕಟ್ಟಿನಲ್ಲಿ ಉಂಟು.
ಹಡಗುಗಳ ನೆತ್ತಿಯ ಮೇಲೆ ಹದಿನಾರು ತಾಸು ಸುತ್ತಿ,
ನೀರಡಿಯ ಶತ್ರುವನ್ನು ಹುಡುಕಿ ಬಂದು ಬರೆಯುವುದು:
‘ಕಂಡದ್ದೇನೂ ಇಲ್ಲ.’
ಮರುದಿನ: ‘ಕಂಡದ್ದೇನೂ ಇಲ್ಲ.’
ಯುದ್ಧದ ಚರಿತ್ರೆ ಎಂದರೆ ಇದಾ ಎಂದು ನಗು ಬಂತು.
ಆಮೇಲೆ ಎಣಿಸಿದೆ, ಮೀನಿಗೆ ಹೋದವರ ಮನೆಯಲ್ಲಿ
ಯಾರೂ ಹೀಗೆ ನಗುವುದಿಲ್ಲ.

ಏಣಿಯ ಹಿಂಬದಿಯಲ್ಲಿ ಕೂರುವ ಹುಡುಗ,
ದೂಮಣ್ಣನ ಬಾಯಲ್ಲಿ ‘ತೋಮು’,
ಬೀರುಬಲೆ ಕಲಿಯಬೇಕೆಂದ.
ಇಳಿತದ ಹೊತ್ತು, ಸೊಂಟದ ನೀರು,
ಬಲೆಯ ಅಂಚು ಹಲ್ಲಿನಲ್ಲಿ ಕಚ್ಚಿ
ತಿರುಗಿ ಬೀಸಿದರೆ ಗೊರಬಿನಷ್ಟೂ ಅರಳದೆ
ಮುದ್ದೆಯಾಗಿ ಬೀಳುವುದು.
ಇಪ್ಪತ್ತೊಂದನೆಯ ದಿನ ಅರಳಿತು.
ಎರಡು ಕಾಣೆ, ಒಂದು ಏಡಿ.
ಆ ಸಂಜೆ ಬಲೆಯನ್ನು ಕೇಳಿ ಒಯ್ದ, ನಾಳೆ ಕೊಡುತ್ತೇನೆಂದು.
ವಿಮಾನದ ಹೊಟ್ಟೆಯಲ್ಲಿ ಒಣಹಾಕಿದ.

ಪುಯಿಂತೆಲಿನ ನಸುಕಿನಲ್ಲಿ ಏಣಿ ಹೋಯಿತು.
ಬಾಲದ ಸೊನ್ನೆ ಹುಡುಕಿತು. ಕವಣೆ ಹುಡುಕಿತು.
ಡೈರಿ: ಕಂಡದ್ದೇನೂ ಇಲ್ಲ.
ಅದರ ಕೆಳಗೆ ನಮ್ಮ ಆಫೀಸಿನ ಯಾರೋ ಕನ್ನಡ ಮಾಡಿದ್ದು:
‘ಒಂದು ವಿಮಾನ, ಎಂಟು ಜನ, ಕಾಣೆ.’
ಕಾಣೆ ಎಂದರೆ ನಮ್ಮಲ್ಲಿ ರವೆ ಹಚ್ಚಿ ಕಾಯಿಸುವ ಮೀನು.
ಆ ಶಬ್ದವನ್ನು ತಲೆಯಲ್ಲೂ ಬಾಲದಲ್ಲೂ ಹಿಡಿದುಕೊಂಡು
ನಾನು ಆ ಮಧ್ಯಾಹ್ನ ಊಟಕ್ಕೆ ಏಳಲಿಲ್ಲ.

ಬೇಶ ಕಳೆದು ಅಳಿವೆ ಕೆಟ್ಟಿತು. ಉಳಿದೆರಡೂ
ತೆಂಕಕ್ಕೆ ಹಾರಿದವು, ಮತ್ತೆ ಬರಲಿಲ್ಲ.
ದೂಮಣ್ಣ ಮಾತ್ರ ಸಂಬಳ ನಿಂತ ಮೇಲೂ
ಮೂರನೆಯ ಬೋಯಾದ ಸರಪಳಿ ಕೆರೆಯುತ್ತಿದ್ದ.
ಯಾಕೆ ಎಂದರೆ, ಪಚ್ಚಿಲೆಗೆ, ಎನ್ನುತ್ತಿದ್ದ.

ಅರ್ಜಿ ಬರೆಸಿದ್ದು ಅದಕ್ಕೂ ಆಮೇಲೆ.
ಬೀರುಬಲೆ ಒಂದು, ಸೀಸದ ಗುಂಡು ಸಮೇತ,
ಏಳು ರೂಪಾಯಿ ಎಂಟಾಣೆ.
ಮದರಾಸಿನಿಂದ ಉತ್ತರ: ಸದರಿ ದಳದ ಸಾಮಾನುಪಟ್ಟಿಯಲ್ಲಿ
ಬಲೆ ಎಂಬ ವಸ್ತು ಇರುವುದಿಲ್ಲ.
ಇನ್ನೊಂದು ಅರ್ಜಿ. ಹೆಬ್ಬೆಟ್ಟು. ಇನ್ನೊಂದು.
ನಾಲ್ಕನೆಯದರಲ್ಲಿ ದುಡ್ಡಿನ ಮಾತೇ ಇಲ್ಲ:
‘ಬಲೆ ಅವನೇ ಇಟ್ಟುಕೊಳ್ಳಲಿ. ತೋಮು ಬಂದರೆ
ನೂಲು ಸಾಯುತ್ತದೆ, ಬಿಸಿಲಿಗೆ ಹಾಕಬೇಡ,
ನೆರಳಲ್ಲಿ ಒಣಗಿಸು ಎಂದು ಹೇಳುವುದು.’

ಇದನ್ನು ಯಾವ ಫೈಲಿಗೆ ಸೇರಿಸಲಿ ಎಂದು
ಮೇಲಿನವರನ್ನು ಕೇಳಿದೆ. ಹಳೇದೆಲ್ಲ ತೂಕಕ್ಕೆ, ಎಂದರು.
ಸೋಮವಾರ ಗುಜರಿಯವ ಬರುತ್ತಾನೆ.
ಬೈಂಡನ್ನು ಚೀಲದಲ್ಲಿ ಮನೆಗೆ ತಂದೆ.
ಗೆದ್ದಲು ಬಿಡಲೆಂದು ಅಂಗಳದ ಬಿಸಿಲಿಗೆ ಇಟ್ಟವಳು
ಸ್ವಲ್ಪ ಹೊತ್ತು ಬಿಟ್ಟು
ನೆರಳಿಗೆ ಸರಿಸಿದೆ.