ಯಾವ ಕೈಯಲ್ಲಿ

ಲೋಟ ಯಾವ ಕೈಯಲ್ಲಿತ್ತು, ಗುಂಡಿ ಎಷ್ಟು ಬಿಚ್ಚಿತ್ತು,
ಸಿಗರೇಟು ಸುಟ್ಟದ್ದು ಅರ್ಧವೋ ಮುಕ್ಕಾಲೋ,
ಬರೆದಿಡುವುದು ನನ್ನ ಕೆಲಸ.
ಒಂದು ಶಾಟಿಗೂ ಇನ್ನೊಂದಕ್ಕೂ ನಡುವೆ
ಲೋಕ ಕದಲಬಾರದು. ಕದಲಿದರೆ ಬೈಗುಳ ನನಗೆ.

ಈ ಸಲ ಶೂಟಿಂಗು ನಮ್ಮೂರಲ್ಲೇ.
ಎಪಿರಸ್ಸಿನ ಬೆಟ್ಟದ ಬೆನ್ನಿಗಂಟಿದ ಇಪ್ಪತ್ತೆರಡು ಮನೆ,
ಹೊಗೆಯೇಳುವುದು ಒಂಬತ್ತರಲ್ಲಿ.
ನಲವತ್ತೆಂಟರ ಯುದ್ಧದ ಕಥೆ:
ಅಣ್ಣ ಬೆಟ್ಟಕ್ಕೆ, ತಮ್ಮ ಸೈನ್ಯಕ್ಕೆ, ತಾಯಿ ಹೊಸ್ತಿಲಲ್ಲಿ.
ಅಥೆನ್ಸಿನಿಂದ ಲಾರಿಯಲ್ಲಿ ಬಂತು ಹಿಮ,
ಮೂಟೆಗಟ್ಟಲೆ, ಜೂನ್ ತಿಂಗಳಲ್ಲಿ.
ಕೋಳಿಗಳು ಕುಕ್ಕಿ ನೋಡಿ ಬಿಟ್ಟವು.

ಊರಿನ ಮುದುಕಿಯರಿಗೆಲ್ಲ ದಿನಗೂಲಿ; ಕಪ್ಪು ಬಟ್ಟೆ ಅವರದೇ.
ನನ್ನಜ್ಜಿ ಎವಾಂಥಿಯಾ, ಗಿರಣಿ ಗೋಡೆಯ ಬಳಿ ಮೂರನೆಯವಳು.
ಒಬ್ಬನಿಗೆ ಗುಂಡು ಹೊಡೆಯುತ್ತಾರೆ,
ಅವಳು ತಲೆವಸ್ತ್ರದ ತುದಿ ಬಾಯಿಗೊತ್ತಿಕೊಳ್ಳಬೇಕು. ಅಷ್ಟೇ ಪಾತ್ರ.

ಅದೇ ಗಿರಣಿ. ಅದೇ ಗೋಡೆ.
ಅವಳ ಅಣ್ಣ ಸ್ಟೆರ್ಗಿಯೋಸ್ ಅಲ್ಲೇ ಬಿದ್ದದ್ದೆಂದು
ನಿರ್ದೇಶಕನಿಗೆ ಗೊತ್ತಿಲ್ಲ. ನಮಗೆ ಗೊತ್ತಿದ್ದದ್ದೂ ಒಂದೇ ಸಾಲು,
"ಕೊಂದವರು ಹೊರಗಿನವರು",
ಮನೆಯಲ್ಲಿ ಎಲ್ಲರಿಗೂ ಕಂಠಪಾಠ.

ಎರಡು ಟೇಕ್ ಆಯಿತು. ಮೂರನೆಯದಕ್ಕೆ ಮುಂಚೆ
ಅಜ್ಜಿ ಸಾಲು ಬಿಟ್ಟು ಬಂದಳು,
ಬಂದೂಕು ಹಿಡಿದ ಹುಡುಗನ ಮೊಣಕೈ ಮುಟ್ಟಿದಳು:
"ಈ ಹೆಗಲಿಗಲ್ಲ ಮಗಾ, ಆ ಹೆಗಲಿಗೆ.
ಅವನು ಎಡಚ."

ನಿರ್ದೇಶಕನಿಗೆ ಖುಷಿಯೋ ಖುಷಿ.
ಇಂಥ ವಿವರ ದುಡ್ಡು ಕೊಟ್ಟರೂ ಸಿಗುವುದಿಲ್ಲ ಎಂದ.
ನಾನು ಪುಸ್ತಕ ತೆರೆದು ಬರೆದೆ:
ಟೇಕ್ ಮೂರು. ಬಂದೂಕು, ಎಡಗೈ.
ಬರೆದ ಪೆನ್ನೂ ಎಡಗೈಯಲ್ಲೇ ಇತ್ತು.

ಐದು ವರ್ಷದವಳಿದ್ದಾಗ ಈ ಕೈಯನ್ನು
ಕರವಸ್ತ್ರದಿಂದ ಕುರ್ಚಿಗೆ ಕಟ್ಟಿ
ಬಲಗೈಯಲ್ಲಿ ಅಕ್ಷರ ತಿದ್ದಿಸಿದವನು ಅಜ್ಜ.
ಹೊಡೆಯಲಿಲ್ಲ. ಗದರಲಿಲ್ಲ. ಗಂಟು ಹಾಕುವಾಗ
ನಡುಗುತ್ತಿದ್ದದ್ದು ಅವನ ಬೆರಳು.
"ಈ ಮನೆಯಲ್ಲಿ ಎಡಚರು ಯಾರೂ ಇಲ್ಲ" ಎಂದಿದ್ದ,
ಬಾಗಿಲಾಚೆ ನಿಂತು ಯಾರೋ ಕೇಳಿದ್ದರೆಂಬಂತೆ.
ಆಮೇಲೆ ಊಟ. ಅವನ ಬಲಗೈ ಚಮಚದಿಂದ
ಎಂದಿನಂತೆ ಅಂಗಿಯ ಮೇಲೆ ಸೂಪು.
ಅಜ್ಜನಿಗೆ ಕೈ ಸ್ವಾಧೀನವಿಲ್ಲ ಎಂದೇ ನಾವು ಬೆಳೆದೆವು.

ಬಲಗೈ ಕೊಟ್ಟದ್ದು ಎಡಗೈಗೆ ತಿಳಿಯಬಾರದಂತೆ.
ಎಡಗೈ ತೆಗೆದದ್ದನ್ನು
ಐವತ್ತು ವರ್ಷ ತಿಳಿಯದ ಹಾಗೆ ನಟಿಸಿತು ಬಲಗೈ,
ಕ್ಯಾಮೆರಾ ಇಲ್ಲದೆ, ಕೂಲಿ ಇಲ್ಲದೆ.

ಅಜ್ಜ ಥ್ರಾಸಿವುಲೋಸ್, ಹಿಪ್ಪುನೇರಳೆಯ ನೆರಳಲ್ಲಿ
ಪ್ಲಾಸ್ಟಿಕ್ ಕುರ್ಚಿ. ಎರಡೂ ಕೈ ಟೋಪಿಯೊಳಗೆ.
ಯುದ್ಧ ಮುಗಿದ ಮೂರನೇ ವರ್ಷ ಕಣಿವೆಯಾಚೆಯಿಂದ ಬಂದವನು;
ಈ ಊರು ತಾನೇ ಆರಿಸಿಕೊಂಡದ್ದಂತೆ.
ಗುಂಡಿನ ಸದ್ದಿಗೆ ಎಲ್ಲರೂ ಬೆಚ್ಚಿದೆವು,
ಗೊತ್ತಿದ್ದ ನಾವೂ. ಅವನೊಬ್ಬ ಬೆಚ್ಚಲಿಲ್ಲ.

ಯಾವಾಗಿನಿಂದ ಗೊತ್ತು ಅಜ್ಜೀ?
ಕೂದಲಿಂದ ಕಾಗದದ ಹಿಮ ಹೆಕ್ಕುತ್ತ ಕೇಳಿದೆ.
"ಹಿಟ್ಟಿನ ಪೆಟ್ಟಿಗೆಯ ಹಿಂದೆ ಅಡಗಿದ್ದೆ ಆವತ್ತು.
ಮುಖ ಕಾಣಲಿಲ್ಲ. ಕೈ ಕಂಡಿತು.
ಆಮೇಲೆ, ನಿಮ್ಮಪ್ಪನಿಗೆ ಹಲ್ಲು ಬರುವ ಕಾಲ,
ಮೇಜಿನಿಂದ ಲೋಟ ಜಾರಿತು,
ತೂಕಡಿಸುತ್ತಿದ್ದವನು ಕಣ್ಣು ಬಿಡದೆಯೇ ಹಿಡಿದ.
ಬೀಳಲು ಬಿಟ್ಟಿದ್ದರೆ
ಬರೀ ಗಾಜು ಒಡೆಯುತ್ತಿತ್ತು."

ಆ ದೃಶ್ಯ ಸಿನಿಮಾದಲ್ಲಿಲ್ಲ. ಉದ್ದವಾಯಿತಂತೆ, ತೆಗೆದರು.

ಆ ರಾತ್ರಿ ಹುರುಳಿಕಾಳಿನ ಸೂಪು, ಒಣ ರೊಟ್ಟಿ.
ಯಾರೂ ಏನೂ ಕೇಳಲಿಲ್ಲ.
ಅಜ್ಜ ಚಮಚವನ್ನು ಬಹಳ ಹೊತ್ತು ನೋಡಿದ,
ಬೇರೆ ಯಾರದೋ ವಸ್ತು ಎಂಬಂತೆ.
ಎಡಗೈಯಲ್ಲಿ ಎತ್ತಿಕೊಂಡ.
ಒಂದು ತೊಟ್ಟೂ ಚೆಲ್ಲಲಿಲ್ಲ.

ಅಜ್ಜಿ ಉಪ್ಪಿನ ಬಟ್ಟಲನ್ನು
ಅವನ ಬಲದಿಂದ ಎಡಕ್ಕೆ ಸರಿಸಿದಳು.
ತಡೆದು, ಏನೋ ನೆನೆದು,
ನೀರಿನ ಲೋಟವನ್ನೂ.