ಬಕೆಟ್ಟಿನಲ್ಲಿ ಏನಿತ್ತು

ಫಾರೋ ದ್ವೀಪಗಳ ಒಂದು ಅಂಚು.
ನಲವತ್ತೊಂದು ದಿನ ಕಡಿಬಂಡೆಯ ತುದಿಯಲ್ಲಿ
ಬೋರಲು ಮಲಗಿದ್ದೆ.
ಹೊಟ್ಟೆಯಡಿ ಒದ್ದೆ ಹುಲ್ಲು, ಬೆನ್ನ ಮೇಲೆ ಗಾಳಿ,
ಕಣ್ಣಿಗಂಟಿದ ಗಾಜು.

ಪಫಿನ್ ಬರುತ್ತದೆ ಕಡಲಿಂದ,
ಕೊಕ್ಕಿನಲ್ಲಿ ಅಡ್ಡಡ್ಡ ಹತ್ತೋ ಹನ್ನೊಂದೋ ಬೆಳ್ಳಿಮೀನು,
ಮುಹೂರ್ತಕ್ಕೆ ತಡವಾದವರ ಹಾಗೆ ದಡಬಡ ಇಳಿದು
ಬಿಲಕ್ಕೆ ನುಗ್ಗುವ ಮುನ್ನ
ಒಮ್ಮೆ ನಿಲ್ಲುತ್ತದೆ.
ಆ ಒಮ್ಮೆಗೆಂದೇ ನನ್ನ ಸಂಬಳ.

ಮೂವತ್ತಮೂರನೆಯ ದಿನ ಮಂಜು ಹರಿಯಿತು.
ಹಕ್ಕಿ ನಿಂತಿತು. ಬೆಳಕೂ ನಿಂತಿತು.
ಚೌಕಟ್ಟಿನ ಎಡದಿಂದ
ಬಕೆಟ್ಟು ಹಿಡಿದು ಬಂದ ಹಾನುಸ್.

ನನ್ನ ಕಂಡು, ನಾಲಿಗೆ ಕಚ್ಚಿಕೊಂಡು,
ಬಂದದ್ದನ್ನೇ ಅಳಿಸುವವನಂತೆ
ಹಿಂದು ಹಿಂದಕ್ಕೆ ಹೆಜ್ಜೆಯಿಟ್ಟು
ಚೌಕಟ್ಟಿನಾಚೆ ಹೋದ.
ಹಕ್ಕಿ ಅಷ್ಟರಲ್ಲಿ ಬಿಲದೊಳಗೆ.
‘ಕೆಟ್ಟದ್ದು’ ಎಂದು ಹೆಸರಿಟ್ಟೆ ಆ ತುಣುಕಿಗೆ.

ಮರುವರ್ಷ ಮೇ ತಿಂಗಳು,
ಒಬ್ಬಳೇ ಹುಡುಗಿ ಓದುವ ಶಾಲೆಯ ಗೋಡೆಗೆ
ಮಾರ್ಯುನ್ ಹಾಸಿಗೆಯ ಬಿಳಿ ಬಟ್ಟೆ ಮೊಳೆ ಹೊಡೆದಳು.
ಊರಿಗೆ ಊರೇ ಬಂತು, ಅಂದರೆ ಎಂಟು ಜನ.
ನಾಯಿಯೂ ಬಂತು.
ಹಕ್ಕಿಗಳನ್ನು ಅವರೇನು ಹೊಸದಾಗಿ ನೋಡಬೇಕೆ?
ಹುಟ್ಟಿದಾಗಿಂದ ಕಂಡವರು, ಬಲೆಯಲ್ಲಿ ಹಿಡಿದವರು,
ಹೊಟ್ಟೆಗೆ ಸಿಹಿ ಹಿಟ್ಟು ತುಂಬಿ ಬೇಯಿಸಿ ಉಂಡವರು.
ಕಾಫಿ ಹೀರುತ್ತ, ಉಣ್ಣೆ ಹೆಣೆಯುತ್ತ ಕೂತರು
ನನ್ನ ಮನಸ್ಸು ನೋಯದಿರಲೆಂದು.

ತೆಗೆಯಲು ಮರೆತಿದ್ದೆ ಆ ತುಣುಕನ್ನು.
ಏಳು ಸೆಕೆಂಡು.

ಹೆಣೆಯುವ ಕಡ್ಡಿಗಳು ನಿಂತವು.
ಜನವರಿಯಲ್ಲಿ ಎದೆ ಹಿಡಿದುಕೊಂಡು ಕೂತ ಹಾನುಸ್;
ಮೂರು ದಿನ ಹೆಲಿಕಾಪ್ಟರ್ ಇಳಿಯಗೊಡದ ಗಾಳಿ;
ನಾಲ್ಕನೆಯ ದಿನ ಅವಸರವಿರಲಿಲ್ಲ ಯಾರಿಗೂ.
ಪಟಗಳಲ್ಲೆಲ್ಲ ಅವನು ನಿಂತೇ ಇದ್ದಾನೆ.
ಎಡಗಾಲು ತುಸು ಎಳೆವ ಆ ನಡಿಗೆ
ಇಲ್ಲಿ ಮಾತ್ರ.

‘ಇನ್ನೊಮ್ಮೆ’ ಎಂದಳು ಮಾರ್ಯುನ್.
ಇನ್ನೊಮ್ಮೆ ಹಾಕಿದೆ. ಮತ್ತೊಮ್ಮೆ.
ಬಂದ, ನಾಲಿಗೆ ಕಚ್ಚಿದ, ಹಿಂದಕ್ಕೆ ಹೋದ.
ಬಂದ.
ಹನ್ನೊಂದನೆಯ ಸಲಕ್ಕೆ ಯಾರೋ ನಕ್ಕರು,
ಆಮೇಲೆ ಎಲ್ಲರೂ.

‘ಬಕೆಟ್ಟಿನಲ್ಲಿ ಏನಿತ್ತು?’ ಹುಡುಗಿ ಕೇಳಿದಳು.
‘ಆಲೂಗಡ್ಡೆ ಸಿಪ್ಪೆ, ಟಗರಿಗೆ.’
‘ಅಲ್ಲ, ಮೀನಿನ ತಲೆ. ನೋಡು, ದೂರ ಹಿಡಿದಿದ್ದಾನೆ ಮೈಯಿಂದ.’
‘ಖಾಲಿ ಇರಬೇಕು, ಕೈ ಎಷ್ಟು ಹಗುರ ಬೀಸುತ್ತಿದೆ.’
ತಕರಾರು ಬೆಳೆಯಿತು. ಕಾಫಿ ಮತ್ತೆ ಕುದಿಯಿತು.

ಬಟ್ಟೆಯ ಮೇಲೆ, ನಿಲ್ಲಿಸಿದ ಚಿತ್ರದ ಬಲತುದಿಯಲ್ಲಿ,
ಬಾಯ್ತುಂಬ ಮೀನು ಕಚ್ಚಿಕೊಂಡು
ಕಾದಿತ್ತು ಪಫಿನ್.