ಖಳನಾಯಕನ ಬಾಯಲ್ಲಿ

ಫೋರ್ಟ್ ಲೀ ಸ್ಟುಡಿಯೋದ ಮೂಕಚಿತ್ರಗಳಿಗೆ
ಮಾತು ಬರೆಯುತ್ತಿದ್ದವನು ಎಲ್ಬರ್ಟ್ ಸ್ಲೋಕಮ್:
ಕಪ್ಪು ಹಲಗೆ, ಬಿಳಿ ಬಣ್ಣ,
ದಿನಕ್ಕೆ ಮೂರು ಸಲ ‘ನೀನಿಲ್ಲದೆ ಬದುಕಲಾರೆ’,
ಎಲ್ಲ ಕಂಡವರ ಬಾಯಿಗೆ.
ಮದುವೆಯ ಸುದ್ದಿ ಎತ್ತಿದರೆ
‘ಕುಂಚ ಒಣಗುತ್ತೆ’ ಎಂದು ಏಳುವವ.

ರೀಲು ಕತ್ತರಿಸಿ ಅಂಟಿಸುವ ಹಲ್ಡಾ
ಒಂದು ಸಂಜೆ ಕೊಡೆ ಮರೆತು ಹೊರಟಳು.
ಕೂಗಬಹುದಿತ್ತು. ಗಂಟಲು ಕಚ್ಚಿಕೊಂಡಿತು.
ಕೈ ಬರೆಯಿತು:
‘ನಿಮ್ಮ ಕೊಡೆ ಇಲ್ಲಿದೆ. ನಾನೂ.’

ಒಣಗಲಿಟ್ಟ ಹಲಗೆಯನ್ನು ಯಾರೋ ಕ್ಯಾಮೆರಾಕ್ಕೆ ಒಡ್ಡಿದರು.
ಶನಿವಾರ, ಹೋಬೋಕನ್ನಿನ ತುಂಬಿದ ಥಿಯೇಟರಿನಲ್ಲಿ
ಖಳನಾಯಕ ಪಿಸ್ತೂಲು ಚಾಚಿ, ಹಲ್ಲು ಕಡಿದು,
ಅಂದದ್ದು ಅದನ್ನೇ.

ಪಿಯಾನೋದವಳ ಬೆರಳು ತಪ್ಪಿತು.
ನಗೆಯೋ ನಗೆ.
ಟೋಪಿಯೊಳಗೆ ಮುಳುಗಿದ ಎಲ್ಬರ್ಟ್
ಅಂಚಿನಿಂದ ಇಣುಕಿದರೆ
ಕಾರ್ಡು ಇನ್ನೂ ಪರದೆಯ ಮೇಲೇ ನಿಂತಿದೆ.

ಕತ್ತರಿ ಅವಳ ಕೈಯಲ್ಲೇ ಇತ್ತಲ್ಲ!